ಹೆಲೆನ್ ಲೆವಿಟ್: ಬೀದಿಯ ಬದುಕಿನ ದಾಖಲೆ

ಹೆಲೆನ್ ಲೆವಿಟ್ (1913–2009) ಅಮೆರಿಕದ ಛಾಯಾಗ್ರಾಹಕಿ, ಸಾಕ್ಷ್ಯಚಿತ್ರ ನಿರ್ದೇಶಕಿ. 1930ರ ದಶಕದ ನಡುವಿನಿಂದ 1990ರ ದಶಕದವರೆಗೆ ಅವರು ಕ್ಯಾಮೆರಾ ಹಿಡಿದು ತಿರುಗಿದ್ದು ಬಹುಮಟ್ಟಿಗೆ ಒಂದೇ ಊರಿನಲ್ಲಿ, ನ್ಯೂಯಾರ್ಕಿನಲ್ಲಿ. ಅದರಲ್ಲೂ ಈಸ್ಟ್ ಹಾರ್ಲೆಮ್, ಲೋಯರ್ ಈಸ್ಟ್ ಸೈಡ್‌ಗಳಂಥ ಬಡವರ ಮತ್ತು ವಲಸಿಗರ ಕೇರಿಗಳಲ್ಲಿ. ಅವರ ಚಿತ್ರಗಳಲ್ಲಿ ಹೆಸರುವಾಸಿಯಾದ ವ್ಯಕ್ತಿಗಳಿಲ್ಲ, ಪತ್ರಿಕೆಯ ಮುಖಪುಟಕ್ಕೆ ಬರುವಂಥ ಘಟನೆಗಳಿಲ್ಲ. ಆಡುವ ಮಕ್ಕಳು, ಮೆಟ್ಟಿಲ ಮೇಲೆ ಕೂತು ಮಾತಾಡುವ ಹೆಂಗಸರು, ಕಿಟಕಿಗೆ ಮೊಣಕೈ ಊರಿ ಕೆಳಗೆ ನೋಡುವ ಮುದುಕರು, ಗೋಡೆಯ ಮೇಲೆ ಸೀಮೆಸುಣ್ಣದಲ್ಲಿ ಬರೆದ ಗೀಚುಗಳು. ಚಿತ್ರಗಳಿಗೆ ಅವರು ಹೆಸರು ಇಡುತ್ತಿರಲಿಲ್ಲ. ಊರಿನ ಹೆಸರು ಮತ್ತು ವರ್ಷ, ಅಷ್ಟೇ. ಈ ಕಾರಣಕ್ಕೆ ಛಾಯಾಗ್ರಹಣದ ಚರಿತ್ರೆ ಬರೆದವರು ಸಾಮಾನ್ಯವಾಗಿ ಅವರನ್ನು ಬೀದಿಯ ಕವಯಿತ್ರಿ ಎಂದು ಕೊಂಡಾಡಿ, ಸಾಮಾಜಿಕ ದಾಖಲೆಯ ಪರಂಪರೆಯಿಂದ ಕೊಂಚ ದೂರದಲ್ಲಿ ಕೂರಿಸುತ್ತಾರೆ. ಮೆಚ್ಚುಗೆಯ ಆ ಮಾತು ಅವರ ಕೆಲಸದ ಮುಖ್ಯ ಭಾಗವನ್ನೇ ಮರೆಮಾಡುತ್ತದೆ. ಲೆವಿಟ್ ಮಾಡಿದ್ದು ಕಟ್ಟುನಿಟ್ಟಾದ ಅರ್ಥದಲ್ಲಿ ದಾಖಲೆಯೇ. ಹಣವಿಲ್ಲದ, ಮನೆಯೊಳಗೆ ಜಾಗವಿಲ್ಲದ ಜನ ತಮ್ಮ ಬೀದಿಯನ್ನು ಏನು ಮಾಡಿಕೊಂಡರು ಎಂಬುದನ್ನು ಅವರಷ್ಟು ವಿವರವಾಗಿ ಬೇರೆ ಯಾರೂ ತೋರಿಸಿಲ್ಲ. ವಿವರಣೆಯನ್ನು, ಅಡಿಬರಹವನ್ನು, ಕಥೆಯನ್ನು ಅವರು ಕೈಬಿಟ್ಟದ್ದು ಉದಾಸೀನದಿಂದಲ್ಲ. ಹಾಗೆ ಬಿಡದೆ ಆ ಸಂಗತಿ ಕಣ್ಣಿಗೆ ಬೀಳುವುದಿಲ್ಲ ಎಂಬುದನ್ನು ಅರಿತು ಬಿಟ್ಟದ್ದು.

ಲೆವಿಟ್ ಹುಟ್ಟಿದ್ದು 1913ರ ಆಗಸ್ಟ್ 31ರಂದು, ಬ್ರೂಕ್ಲಿನ್‌ನ ಬೆನ್ಸನ್‌ಹರ್ಸ್ಟ್‌ನಲ್ಲಿ, ರಷ್ಯಾದಿಂದ ಬಂದ ಯಹೂದಿ ಮೂಲದ ಕುಟುಂಬದಲ್ಲಿ. ಪ್ರೌಢಶಾಲೆಯ ಓದನ್ನು ಮುಗಿಸದೆ ಬಿಟ್ಟು, ಬ್ರಾಂಕ್ಸ್‌ನಲ್ಲಿ ಭಾವಚಿತ್ರ ತೆಗೆಯುವ ಸ್ಟುಡಿಯೋ ಒಂದರಲ್ಲಿ ಕೆಲಸಕ್ಕೆ ಸೇರಿದರು. ಫಿಲಂ ತೊಳೆಯುವುದು, ಪ್ರಿಂಟ್ ಹಾಕುವುದು ಕಲಿತದ್ದು ಅಲ್ಲಿ. ಆರ್ಥಿಕ ಮುಗ್ಗಟ್ಟಿನ ಆ ವರ್ಷಗಳಲ್ಲಿ ಅವರ ವಯಸ್ಸಿನ ಬಹಳಷ್ಟು ಮಂದಿಯಂತೆ ಅವರಿಗೂ ಎಡಪಂಥೀಯ ವಿಚಾರಗಳತ್ತ ಒಲವಿತ್ತು. ದುಡಿಯುವ ಜನರ ಹೋರಾಟಕ್ಕೆ ನೆರವಾಗುವಂಥ ಚಿತ್ರ ತೆಗೆಯಬೇಕು ಎಂಬುದು ಅವರ ಮೊದಲ ಆಸೆಯಾಗಿತ್ತು. 1935ರಲ್ಲಿ ನ್ಯೂಯಾರ್ಕಿಗೆ ಬಂದಿದ್ದ ಫ್ರೆಂಚ್ ಛಾಯಾಗ್ರಾಹಕ ಆನ್ರಿ ಕಾರ್ಟಿಯೆ-ಬ್ರೆಸ್ಸೋನ್ ಅವರ ಪರಿಚಯವಾಯಿತು. ಬೇರೊಂದು ಉದ್ದೇಶಕ್ಕೆ ಸಾಧನವಾಗದೆಯೂ ಒಂದು ಛಾಯಾಚಿತ್ರ ತಾನೇ ಪೂರ್ಣವಾಗಿ ನಿಲ್ಲಬಲ್ಲದು ಎಂಬುದು ಆಗ ಅವರಿಗೆ ಮನದಟ್ಟಾಯಿತು. ಮರುವರ್ಷ ಹಳೆಯ ಲೈಕಾ ಕ್ಯಾಮೆರಾ ಒಂದನ್ನು ಕೊಂಡರು. ಬಳಿಕ ವಾಕರ್ ಇವಾನ್ಸ್ ಅವರ ಗೆಳೆತನವಾಯಿತು. ಇವಾನ್ಸ್ ಸುರಂಗ ರೈಲಿನ ಪ್ರಯಾಣಿಕರನ್ನು ಗುಟ್ಟಾಗಿ ಚಿತ್ರಿಸುತ್ತಿದ್ದಾಗ ಲೆವಿಟ್ ಜೊತೆಗೆ ಕೂರುತ್ತಿದ್ದರು. ಇವಾನ್ಸ್ ಮೂಲಕ ಲೇಖಕ ಜೇಮ್ಸ್ ಏಜಿ ಪರಿಚಯವಾದರು. 1941ರಲ್ಲಿ ಮೆಕ್ಸಿಕೋ ನಗರಕ್ಕೆ ಹೋಗಿ ಕೆಲವು ತಿಂಗಳು ಚಿತ್ರ ತೆಗೆದದ್ದನ್ನು ಬಿಟ್ಟರೆ ಅವರ ಹೆಸರು ನಿಂತಿರುವುದೆಲ್ಲ ನ್ಯೂಯಾರ್ಕಿನ ಮೇಲೆಯೇ. 1943ರಲ್ಲಿ ಆ ನಗರದ ಆಧುನಿಕ ಕಲೆಯ ಮ್ಯೂಸಿಯಂ ಅವರ ಮಕ್ಕಳ ಚಿತ್ರಗಳ ಪ್ರದರ್ಶನ ಏರ್ಪಡಿಸಿತು. ಅದನ್ನು ಸಜ್ಜುಗೊಳಿಸಿದವರು ನ್ಯಾನ್ಸಿ ನ್ಯೂಹಾಲ್. ಆಗ ಲೆವಿಟ್‌ಗೆ ಇನ್ನೂ ಮೂವತ್ತು ತುಂಬಿರಲಿಲ್ಲ.

ಅವರು ಏನನ್ನು ಬಿಟ್ಟರು ಎಂಬುದು ತಿಳಿಯಬೇಕಾದರೆ ಅವರಿಗಿಂತ ಹಿಂದೆ ಅದೇ ನಗರದ ಬಡವರ ಕೇರಿಗಳು ಹೇಗೆ ಚಿತ್ರವಾಗಿದ್ದವು ಎಂಬುದನ್ನು ನೋಡಬೇಕು. 1890ರಲ್ಲಿ ಪುಸ್ತಕ ಪ್ರಕಟಿಸಿದ ಪತ್ರಕರ್ತ ಜೇಕಬ್ ರೀಸ್, ಮ್ಯಾಗ್ನೀಸಿಯಂ ಪುಡಿಯ ಬೆಳಕು ಹೊತ್ತಿಸಿ ಲೋಯರ್ ಈಸ್ಟ್ ಸೈಡ್‌ನ ಕತ್ತಲು ಕೋಣೆಗಳೊಳಕ್ಕೆ ನುಗ್ಗಿದರು. ಇದ್ದಕ್ಕಿದ್ದಂತೆ ಎರಗಿದ ಬೆಳಕಿಗೆ ಕಣ್ಣು ಕಿರಿದಾಗಿಸಿ ನೋಡುವ ಜನ ಆ ಚಿತ್ರಗಳಲ್ಲಿದ್ದಾರೆ. ಲೂಯಿಸ್ ಹೈನ್ 1908ರಿಂದ ಬಾಲಕಾರ್ಮಿಕರ ವಿಷಯದಲ್ಲಿ ಕೆಲಸ ಮಾಡುತ್ತಿದ್ದ ರಾಷ್ಟ್ರೀಯ ಸಮಿತಿಗಾಗಿ ಗಿರಣಿ, ಗಣಿಗಳಲ್ಲಿ ದುಡಿಯುವ ಮಕ್ಕಳನ್ನು ಚಿತ್ರಿಸಿದರು. 1935ರಿಂದ ಸರ್ಕಾರವೇ ರಾಯ್ ಸ್ಟ್ರೈಕರ್ ಅವರ ಮೇಲ್ವಿಚಾರಣೆಯಲ್ಲಿ ಡೊರೋತಿಯಾ ಲ್ಯಾಂಗ್, ಇವಾನ್ಸ್ ಮುಂತಾದವರನ್ನು ನೇಮಿಸಿ ಹಳ್ಳಿಗಾಡಿನ ಬಡತನವನ್ನು ದಾಖಲಿಸಿತು. 1936ರಲ್ಲಿ ನ್ಯೂಯಾರ್ಕಿನಲ್ಲಿ ಆರಂಭವಾದ ಫೋಟೋ ಲೀಗ್‌ನ ಸದಸ್ಯರು ಹಾರ್ಲೆಮ್‌ನ ಬದುಕನ್ನು ಸಮಾಜ ಬದಲಾವಣೆಯ ದೃಷ್ಟಿಯಿಂದ ಚಿತ್ರಿಸಿದರು. ಇವರೆಲ್ಲರ ಕೆಲಸ ದೊಡ್ಡದು. ಕಾನೂನುಗಳ ಹಿಂದೆ, ಸುಧಾರಣೆಗಳ ಹಿಂದೆ ಈ ಚಿತ್ರಗಳ ಬಲ ಇದೆ. ಅವರ ವಿಧಾನಕ್ಕೆ ಒಂದು ಮಿತಿಯೂ ಇತ್ತು. ಚಿತ್ರದಲ್ಲಿರುವ ವ್ಯಕ್ತಿ ಒಂದು ವಾದಕ್ಕೆ ಸಾಕ್ಷಿಯಾಗಿ ನಿಲ್ಲಬೇಕು. ಆದ್ದರಿಂದ ಆ ವಾದಕ್ಕೆ ಬೇಕಾದಷ್ಟು ಮಾತ್ರ ಅವನು ಕಾಣುತ್ತಾನೆ. ಗಿರಣಿಯ ಹುಡುಗಿ ದಣಿದಿರುವುದು ಕಾಣುತ್ತದೆ, ಅವಳು ಯಾವ ಆಟ ಆಡುತ್ತಿದ್ದಳು ಎಂಬುದು ಕಾಣುವುದಿಲ್ಲ. ಬಡತನದ ಕಾರಣಕ್ಕೆ ಆದ ಹಾನಿ ದಾಖಲಾಗುತ್ತದೆ; ಬಡತನದ ನಡುವೆಯೇ ಜನ ಕಟ್ಟಿಕೊಂಡ ಬದುಕು ದಾಖಲಾಗುವುದಿಲ್ಲ. ಲೆವಿಟ್ ಅವರ ಕ್ಯಾಮೆರಾ ಹೊರಟದ್ದು ದಾಖಲೆಯಾಗದೆ ಉಳಿದಿದ್ದ ಈ ಎರಡನೆಯ ಭಾಗದ ಕಡೆಗೆ.

ಇದಕ್ಕೆ ಮೊದಲ ಪುರಾವೆ ಸೀಮೆಸುಣ್ಣದ ಚಿತ್ರಗಳು. 1937ರ ಸುಮಾರಿಗೆ ಲೆವಿಟ್ ಸರ್ಕಾರದ ಕಲಾ ಯೋಜನೆಯೊಂದರಲ್ಲಿ ಶಾಲಾ ಮಕ್ಕಳಿಗೆ ಚಿತ್ರಕಲೆ ಕಲಿಸುವ ಕೆಲಸದಲ್ಲಿದ್ದರು. ಶಾಲೆಗೆ ಹೋಗುವ ದಾರಿಯಲ್ಲಿ ಫುಟ್‌ಪಾತಿನ ಮೇಲೆ, ಗೋಡೆ, ಬಾಗಿಲುಗಳ ಮೇಲೆ ಮಕ್ಕಳು ಗೀಚಿದ್ದು ಅವರ ಕಣ್ಣಿಗೆ ಬಿತ್ತು. ತರಗತಿಯಲ್ಲಿ ಕಾಗದ, ಬಣ್ಣ ಕೊಟ್ಟು ಬರೆಸುವ ಚಿತ್ರಗಳಿಗಿಂತ ಇವು ಬೇರೆ ಥರದವು. ಕುದುರೆ ಸವಾರರು, ಕಿರೀಟ ತೊಟ್ಟವರು, ಬಂದೂಕು ಹಿಡಿದವರು, ಬೈಗುಳ, ಪ್ರೇಮದ ಗುಟ್ಟು, ಕುಂಟೆಬಿಲ್ಲೆಯ ಮನೆಗಳು. ಬಾಗಿಲೊಂದರ ಪಕ್ಕದಲ್ಲಿ ಒಂದು ವೃತ್ತ ಬರೆದು, ಇದು ಗುಪ್ತದಾರಿಯ ಗುಂಡಿ, ಒತ್ತಿ ಎಂದು ಯಾರೋ ಸೂಚನೆ ಕೊಟ್ಟಿದ್ದಾರೆ. ಲೆವಿಟ್ ಇವನ್ನು ವರ್ಷಗಳ ಕಾಲ ಚಿತ್ರೀಕರಿಸಿದರು. 1987ರಲ್ಲಿ ಇವೇ ಒಂದು ಪುಸ್ತಕವಾಗಿ ಬಂದವು. ಕಾವ್ಯಮಯ ಎಂಬ ಮಾತು ಇಲ್ಲಿ ಯಾವ ಸಹಾಯಕ್ಕೂ ಬರುವುದಿಲ್ಲ. ಇದು ನೇರವಾದ ಸಂಗ್ರಹ ಕಾರ್ಯ. ಜಾನಪದ ಸಂಶೋಧಕರು ಹಳ್ಳಿಗಳಲ್ಲಿ ಮಾಡುವಂಥದ್ದನ್ನು ಅವರು ಮಹಾನಗರದ ನಡುವೆ ಮಾಡಿದರು. ಒಂದು ಮಳೆಗೆ, ಒಂದು ಪೊರಕೆಯ ಬೀಸಿಗೆ ಅಳಿಸಿಹೋಗುವ ಗೀಚುಗಳು ಅವು. ಬರೆದ ಮಕ್ಕಳು ಅವನ್ನು ಉಳಿಸಬೇಕೆಂದು ಬರೆದವರಲ್ಲ. ದೊಡ್ಡವರಿಗೆ ಅವು ಕೊಳೆ ಮಾತ್ರ. ಮಕ್ಕಳು ಬೀದಿಯನ್ನು ತಮ್ಮದಾಗಿಸಿಕೊಂಡ ಬಗೆಗೆ ಇದಕ್ಕಿಂತ ನೇರವಾದ ಪುರಾವೆ ಇರಲಾರದು. ಯಾವ ಪುರಸಭೆಯ ಕಡತದಲ್ಲೂ, ಯಾವ ಸಮಾಜಶಾಸ್ತ್ರದ ವರದಿಯಲ್ಲೂ ಅದು ಸಿಗುವುದಿಲ್ಲ. ಗೋಡೆಗೆ ಕಣ್ಣಿಟ್ಟು ಚಿತ್ರ ತೆಗೆಯುವಾಗ ಅದನ್ನು ಗೀಚಿದ ಮಗುವೂ ಒಮ್ಮೊಮ್ಮೆ ಪಕ್ಕದಲ್ಲೇ ನಿಂತಿರುತ್ತದೆ. ತನ್ನ ಕೆಲಸದ ಮುಂದೆ ನಿಂತ ಆ ಮಗುವಿನ ಮುಖದಲ್ಲಿ ನಾಚಿಕೆಗಿಂತ ಹೆಮ್ಮೆಯೇ ಹೆಚ್ಚು.

ಜನರೇ ಇರುವ ಚಿತ್ರಗಳಿಗೆ ಬಂದರೆ ಈ ವಾದ ಇನ್ನೂ ಗಟ್ಟಿಯಾಗುತ್ತದೆ. 1940ರ ಸುಮಾರಿನ ಪ್ರಸಿದ್ಧ ಚಿತ್ರವೊಂದರಲ್ಲಿ ಹ್ಯಾಲೋವೀನ್ ದಿನ ಮೂವರು ಮಕ್ಕಳು ಮನೆಯ ಬಾಗಿಲಿನ ಮುಂದಿನ ಮೆಟ್ಟಿಲಲ್ಲಿದ್ದಾರೆ. ಮೂವರೂ ಮುಖವಾಡದವರೇ, ಆದರೆ ಮೂವರ ನಿಲುವೂ ಬೇರೆ ಬೇರೆ. ಒಬ್ಬಳು ಇನ್ನೂ ಮುಖವಾಡ ಸರಿಮಾಡಿಕೊಳ್ಳುತ್ತಿದ್ದಾಳೆ, ಒಬ್ಬ ಹೊರಗಿನ ಲೋಕಕ್ಕೆ ಹೆಜ್ಜೆ ಇಡಲು ಸಿದ್ಧನಾಗಿದ್ದಾನೆ, ಒಬ್ಬ ಆಗಲೇ ದೊಡ್ಡವರ ಠೀವಿಯಲ್ಲಿ ಗೋಡೆಗೆ ಒರಗಿದ್ದಾನೆ. ಇನ್ನೊಂದರಲ್ಲಿ ಒಡೆದ ಕನ್ನಡಿಯ ಖಾಲಿ ಚೌಕಟ್ಟನ್ನು ಇಬ್ಬರು ಹುಡುಗರು ಎತ್ತಿ ಹಿಡಿದಿದ್ದಾರೆ. ಆ ಚೌಕಟ್ಟಿನೊಳಗೆ ಪುಟ್ಟ ಸೈಕಲ್ ಏರಿದ ಇನ್ನೊಂದು ಮಗು. ಕೆಳಗೆ ಗಾಜಿನ ಚೂರು ಆರಿಸುವ ಕೈಗಳು. ಹಿಂದೆ ತಮ್ಮ ಪಾಡಿಗೆ ತಾವು ನಡೆದುಹೋಗುವ ದೊಡ್ಡವರು. ಮತ್ತೊಂದರಲ್ಲಿ ನಾಲ್ವರು ಹುಡುಗಿಯರು ಗಾಳಿಯಲ್ಲಿ ತೇಲುವ ಸಾಬೂನು ಗುಳ್ಳೆಗಳ ಕಡೆ ಒಟ್ಟಿಗೆ ತಲೆ ತಿರುಗಿಸಿದ್ದಾರೆ. 1945ರ ಸುಮಾರಿನ ಒಂದು ಚಿತ್ರದಲ್ಲಿ ತುಂಬು ಬಸುರಿಯೊಬ್ಬಳ ಎದುರಿಗೆ ಎರಡು ಹಾಲಿನ ಬಾಟಲಿ ಹಿಡಿದ ತರುಣಿ ನಿಂತಿದ್ದಾಳೆ. ಇಲ್ಲಿ ಗಮನಿಸಬೇಕಾದ್ದು ಒಂದೇ: ಪ್ರತಿ ಚಿತ್ರದಲ್ಲೂ ಬೀದಿಯ ಯಾವುದಾದರೂ ಒಂದು ಭಾಗ ಅದರ ಮೂಲ ಕೆಲಸ ಬಿಟ್ಟು ಬೇರೊಂದಕ್ಕೆ ಒದಗುತ್ತಿರುತ್ತದೆ. ಮೆಟ್ಟಿಲು ರಂಗಸ್ಥಳವಾಗಿದೆ, ಕಸವಾಗಿ ಬಂದ ಚೌಕಟ್ಟು ಆಟಿಕೆಯಾಗಿದೆ, ಬಾಗಿಲ ಮೇಲಿನ ಕಟ್ಟೆ ಏರಲು ಗುಡ್ಡವಾಗಿದೆ, ಫುಟ್‌ಪಾತ್ ನಡುಮನೆಯಾಗಿದೆ. ಆ ಕಟ್ಟಡಗಳ ಕೋಣೆಗಳು ಇಕ್ಕಟ್ಟಾದವು, ಬೇಸಿಗೆಯಲ್ಲಿ ಒಳಗೆ ಕೂರಲಾಗದಷ್ಟು ಸೆಕೆ. ಹವಾನಿಯಂತ್ರಣ, ದೂರದರ್ಶನ ಇನ್ನೂ ಆ ಮನೆಗಳಿಗೆ ಬಂದಿರಲಿಲ್ಲ. ಮನೆಯಲ್ಲಿ ಹಿಡಿಸದ ಬದುಕು ಬೀದಿಗೆ ಹರಿದಿತ್ತು. ಲೆವಿಟ್ ಚಿತ್ರಿಸಿದ್ದು ಆ ಹರಿವನ್ನು, ಅದು ಪಡೆದ ನೂರಾರು ರೂಪಗಳನ್ನು.

ಛಾಯಾಚಿತ್ರ ಒಂದು ಭಂಗಿಯನ್ನು ಹಿಡಿದು ನಿಲ್ಲಿಸುತ್ತದೆ. ಅದರಿಂದಲೇ ಒಂದು ಸಂಶಯವೂ ಹುಟ್ಟುತ್ತದೆ. ಸಾವಿರಾರು ಕ್ಷಣಗಳಲ್ಲಿ ಚೆಂದ ಕಂಡ ಒಂದನ್ನು ಆರಿಸಿ ತೋರಿಸಿದರೆ ಅದು ಛಾಯಾಗ್ರಾಹಕಿಯ ಅಭಿರುಚಿಗೆ ಪುರಾವೆಯೇ ಹೊರತು ಬೀದಿಯ ಬದುಕಿಗೆ ಹೇಗೆ ಪುರಾವೆಯಾದೀತು? ನ್ಯಾಯವಾದ ಪ್ರಶ್ನೆ. ಇದಕ್ಕೆ ಉತ್ತರ ಅವರ ಚಲನಚಿತ್ರದಲ್ಲಿದೆ. 1940ರ ದಶಕದ ಆರಂಭದಲ್ಲೇ ಲೆವಿಟ್ ಚಲನಚಿತ್ರ ಸಂಕಲನದ ಕೆಲಸ ಕಲಿತಿದ್ದರು. ಸ್ಪೇನಿನ ನಿರ್ದೇಶಕ ಲೂಯಿಸ್ ಬುನ್ಯುಯೆಲ್ ನ್ಯೂಯಾರ್ಕಿನಲ್ಲಿದ್ದಾಗ ಅವರ ಕೈಕೆಳಗೆ ದುಡಿದಿದ್ದರು. ಆ ದಶಕದ ನಡುವೆ ಚಿತ್ರಕಲಾವಿದೆ ಜಾನಿಸ್ ಲೋಬ್ ಮತ್ತು ಜೇಮ್ಸ್ ಏಜಿ ಅವರೊಂದಿಗೆ ಸೇರಿ ಈಸ್ಟ್ ಹಾರ್ಲೆಮ್‌ನಲ್ಲಿ 16 ಮಿಲಿಮೀಟರ್ ಕ್ಯಾಮೆರಾದಿಂದ ‘ಇನ್ ದ ಸ್ಟ್ರೀಟ್’ ಚಿತ್ರೀಕರಿಸಿದರು. ಸುಮಾರು ಹದಿನಾರು ನಿಮಿಷದ ಈ ಚಿತ್ರ 1948ರಲ್ಲಿ ಸಿದ್ಧವಾಗಿ, ಮತ್ತೆ ತಿದ್ದಿಕೊಂಡು 1952ರಲ್ಲಿ ತೆರೆಗೆ ಬಂದಿತು. ಇದರಲ್ಲಿ ಮಾತಿಲ್ಲ, ಆರ್ಥರ್ ಕ್ಲೈನರ್ ನುಡಿಸಿದ ಪಿಯಾನೋ ಮಾತ್ರ ಇದೆ. ಆರಂಭದಲ್ಲಿ ಏಜಿ ಬರೆದ ಚಿಕ್ಕ ಬರಹವೊಂದು ತೆರೆಯ ಮೇಲೆ ಬಂದುಹೋಗುತ್ತದೆ, ಆಮೇಲೆ ವಿವರಣೆ ಎಂಬುದೇ ಇಲ್ಲ. ಮಕ್ಕಳು ಉದ್ದನೆಯ ಕಾಲುಚೀಲಕ್ಕೆ ಹಿಟ್ಟು ತುಂಬಿ ಒಬ್ಬರನ್ನೊಬ್ಬರು ಬಡಿಯುತ್ತಾರೆ. ಹುಡುಗಿಯೊಬ್ಬಳು ಕಿಟಕಿಯ ಗಾಜಿಗೆ ಮುಖ ಒತ್ತುತ್ತಾಳೆ. ಹೆಂಗಸರು ಬಂದು ನಿಲ್ಲುತ್ತಾರೆ, ನೋಡುತ್ತಾರೆ, ಹೋಗುತ್ತಾರೆ. ನಾಯಿಗಳು ಅಡ್ಡಾಡುತ್ತವೆ. ಏನೂ ನಡೆಯದ ಹೊತ್ತೂ ಸಾಕಷ್ಟಿದೆ.

ಮಹಾನಗರವನ್ನು ಚಲನಚಿತ್ರ ಮಾಡಿದವರು ಇದಕ್ಕೂ ಮೊದಲು ಇದ್ದರು. ಪಾಲ್ ಸ್ಟ್ರ್ಯಾಂಡ್ ಮತ್ತು ಚಾರ್ಲ್ಸ್ ಶೀಲರ್ 1921ರಲ್ಲಿ ಮ್ಯಾನ್‌ಹ್ಯಾಟನ್ನಿನ ಮೇಲೆ, ವಾಲ್ಟರ್ ರುಟ್‌ಮನ್ 1927ರಲ್ಲಿ ಬರ್ಲಿನ್ ಮೇಲೆ, ಜಿಗಾ ವೆರ್ತೋವ್ 1929ರಲ್ಲಿ ಸೋವಿಯತ್ ನಗರಗಳ ಮೇಲೆ ಚಿತ್ರ ಮಾಡಿದ್ದರು. ಆ ಚಿತ್ರಗಳಲ್ಲಿ ನಗರ ಒಂದು ಯಂತ್ರ, ಜನ ಅದರ ಚಲನೆಯ ಭಾಗ. ಗೋಪುರ, ರೈಲು, ಕಾರ್ಖಾನೆಗಳ ಲಯಕ್ಕೆ ಅವರು ಸೇರಿಕೊಳ್ಳುತ್ತಾರೆ. ‘ಇನ್ ದ ಸ್ಟ್ರೀಟ್’ನಲ್ಲಿ ನಗರದ ಎತ್ತರ ಎಲ್ಲೂ ಕಾಣುವುದಿಲ್ಲ. ಕ್ಯಾಮೆರಾ ಹೆಚ್ಚಾಗಿ ಮಕ್ಕಳ ಎತ್ತರದಲ್ಲಿ, ಕೂತವರ ಎತ್ತರದಲ್ಲಿ ಇರುತ್ತದೆ. ಬೆಳಗಿನಿಂದ ರಾತ್ರಿಯವರೆಗೆ ಎಂಬ ಕ್ರಮ ಇಲ್ಲ, ಏರಿ ಇಳಿಯುವ ಕಥೆ ಇಲ್ಲ. ಒಂದು ಆಟ ನಡುವೆಯೇ ನಿಲ್ಲುತ್ತದೆ, ಇನ್ನೊಂದು ಅರ್ಧದಿಂದ ಶುರುವಾಗುತ್ತದೆ. ಛಾಯಾಚಿತ್ರದಲ್ಲಿ ನಾವು ನೋಡಿದ ಭಂಗಿ ಆಕಸ್ಮಿಕವಲ್ಲ, ಅದು ಅಲ್ಲಿನ ಜನರ ನಿತ್ಯದ ಚಲನೆಯಲ್ಲೇ ಇರುವಂಥದ್ದು ಎಂಬುದು ಆಗ ತಿಳಿಯುತ್ತದೆ. ಮೆಟ್ಟಿಲ ಮೇಲಿನ ಠೀವಿ, ಗುಂಪಿನಿಂದ ಹೊರಗೆ ಉಳಿದ ಮಗುವಿನ ಕಾಯುವಿಕೆ, ಜಗಳ ಯಾವಾಗ ಆಟವಾಗಿ ಯಾವಾಗ ನಿಜವಾಗುತ್ತದೆ ಎಂಬ ಅನುಮಾನ, ಎಲ್ಲವೂ ಚಿತ್ರದಲ್ಲಿ ಮತ್ತೆ ಮತ್ತೆ ಬರುತ್ತವೆ. ಛಾಯಾಚಿತ್ರ ಆರಿಸಿದ್ದನ್ನು ಚಲನಚಿತ್ರ ಅದರ ಅಕ್ಕಪಕ್ಕದ ಸಮಯದೊಂದಿಗೆ ತೋರಿಸಿ ಖಾತ್ರಿ ಮಾಡುತ್ತದೆ. ಲೆವಿಟ್ ಅವರ ಛಾಯಾಚಿತ್ರಗಳ ಬಗ್ಗೆ ಬರೆಯುವವರು ಈ ಚಿತ್ರವನ್ನು ಒಂದು ಸಾಲಿನಲ್ಲಿ ಮುಗಿಸುವ ರೂಢಿ ಇದೆ. ಅದು ದೊಡ್ಡ ತಪ್ಪು. ಅವರ ಸ್ಥಿರಚಿತ್ರಗಳು ದಾಖಲೆಯೇ ಎಂಬುದಕ್ಕೆ ಈ ಹದಿನಾರು ನಿಮಿಷಗಳಷ್ಟು ಒಳ್ಳೆಯ ಸಾಕ್ಷಿ ಬೇರೊಂದಿಲ್ಲ.

ಅದೇ ಹೊತ್ತಿಗೆ ಅದೇ ಗೆಳೆಯರ ಗುಂಪು ಇನ್ನೊಂದು ಚಿತ್ರವನ್ನೂ ಮಾಡಿತು. 1948ರ ‘ದ ಕ್ವಯಟ್ ಒನ್’ ಅನ್ನು ನಿರ್ದೇಶಿಸಿದವರು ಸಿಡ್ನಿ ಮೇಯರ್ಸ್, ನಿರ್ಮಿಸಿದವರು ಲೋಬ್. ಕ್ಯಾಮೆರಾ ಕೆಲಸದಲ್ಲಿ ರಿಚರ್ಡ್ ಬ್ಯಾಗ್ಲಿ ಜೊತೆಗೆ ಲೆವಿಟ್ ಮತ್ತು ಲೋಬ್ ಇದ್ದರು. ವಿವರಣೆಯ ಮಾತುಗಳು ಏಜಿಯವು. ಹಾರ್ಲೆಮ್‌ನ ಕಪ್ಪು ಹುಡುಗನೊಬ್ಬ ಮನೆಯಲ್ಲಿ ಪ್ರೀತಿ ಸಿಗದೆ ಮಾತು ಕಳೆದುಕೊಂಡು, ವಿಲ್ಟ್‌ವಿಕ್ ಶಾಲೆಯಲ್ಲಿ ಮೆಲ್ಲಗೆ ಚೇತರಿಸಿಕೊಳ್ಳುವ ಕಥೆ ಅದು. ಎರಡು ಆಸ್ಕರ್ ನಾಮನಿರ್ದೇಶನಗಳು ಅದಕ್ಕೆ ಸಂದವು, ಒಂದು ಸಾಕ್ಷ್ಯಚಿತ್ರ ವಿಭಾಗದಲ್ಲಿ, ಇನ್ನೊಂದು ಕಥೆ ಮತ್ತು ಚಿತ್ರಕಥೆಗೆ. ಕರುಣೆಯಿಂದ, ಜವಾಬ್ದಾರಿಯಿಂದ ಮಾಡಿದ ಚಿತ್ರ. ಅದರಲ್ಲಿ ಬೀದಿಯ ದೃಶ್ಯಗಳೂ ಇವೆ. ಆದರೆ ಆ ಬೀದಿ ಹುಡುಗನ ಒಂಟಿತನವನ್ನು ಹೇಳಲು ಬಂದ ಬೀದಿ. ವಿವರಣೆಯ ದನಿ ಪ್ರತಿ ದೃಶ್ಯಕ್ಕೂ ಅರ್ಥ ಹಚ್ಚುತ್ತದೆ, ನಮ್ಮ ಕಣ್ಣು ಆ ಅರ್ಥದ ಹಿಂದೆಯೇ ಹೋಗುತ್ತದೆ. ‘ಇನ್ ದ ಸ್ಟ್ರೀಟ್’ ಮತ್ತು ‘ದ ಕ್ವಯಟ್ ಒನ್’ ಎರಡನ್ನೂ ಜೊತೆಗಿಟ್ಟು ನೋಡಿದರೆ ಒಂದು ಸಂಗತಿ ಖಚಿತವಾಗುತ್ತದೆ. ಕಥೆ ಹೇಳಲು, ವಾದ ಮಂಡಿಸಲು ಲೆವಿಟ್‌ಗೆ ಬರುತ್ತಿರಲಿಲ್ಲ ಎಂದಲ್ಲ. ಆ ವಿಧಾನವೂ ಅವರ ಕೈಯಲ್ಲಿತ್ತು, ಅದನ್ನು ಬಳಸಿ ಗೌರವವನ್ನೂ ಪಡೆದಿದ್ದರು. ತಮ್ಮ ಸ್ವಂತ ಕೆಲಸದಲ್ಲಿ ಅದನ್ನು ಬಳಸದೆ ಇದ್ದದ್ದು ತಿಳಿದು ಮಾಡಿದ ಆಯ್ಕೆ.

ಈ ಆಯ್ಕೆಯ ವಿರುದ್ಧ ಬಂದಿರುವ ಮೊದಲ ಆಕ್ಷೇಪ ರಾಜಕೀಯದ್ದು. ಈಸ್ಟ್ ಹಾರ್ಲೆಮ್ ಆ ಕಾಲದಲ್ಲಿ ಇಟಲಿಯಿಂದ ಬಂದವರು, ಕಪ್ಪು ಜನ, ಪೋರ್ಟೋರಿಕೋದಿಂದ ಬರುತ್ತಿದ್ದವರು ಒತ್ತಾಗಿ ಬದುಕುತ್ತಿದ್ದ ಪ್ರದೇಶ. ಬಾಡಿಗೆ, ನಿರುದ್ಯೋಗ, ಜನಾಂಗಭೇದ ಅಲ್ಲಿನ ದಿನನಿತ್ಯದ ಸಂಗತಿಗಳು. ಅವನ್ನು ಹೆಸರಿಸದೆ ಸಾಬೂನು ಗುಳ್ಳೆ ತೋರಿಸುವುದು ಬಡತನವನ್ನು ಅಂದವಾಗಿಸಿದಂತೆ ಅಲ್ಲವೇ ಎಂದು ಕೇಳುವವರಿದ್ದಾರೆ. ಬಡತನ ಈ ಚಿತ್ರಗಳಲ್ಲಿ ಇಲ್ಲವೆಂದಾದರೆ ಮಾತ್ರ ಈ ಆಕ್ಷೇಪಕ್ಕೆ ಬಲ. ಅದು ಎಲ್ಲ ಚಿತ್ರಗಳಲ್ಲೂ ಇದೆ: ಹರಿದ ಶೂ, ಸುಣ್ಣ ಉದುರಿದ ಗೋಡೆ, ಖಾಲಿ ನಿವೇಶನ, ಕೈಯಿಂದ ಕೈಗೆ ದಾಟಿ ಬಂದ ದೊಡ್ಡ ಅಳತೆಯ ಕೋಟು. ಅದರ ಕಡೆ ಬೆರಳು ತೋರಿಸಿ ಅವರು ಹೇಳುವುದಿಲ್ಲ, ಅಷ್ಟೇ. ಇನ್ನು ಮಕ್ಕಳ ಲೋಕವನ್ನು ಅವರು ಸಿಹಿಯಾಗಿಸಿದರು ಎಂಬ ದೂರು ಚಿತ್ರಗಳನ್ನು ಸರಿಯಾಗಿ ನೋಡದೆ ಮಾಡಿದ್ದು. ಅವರ ಮಕ್ಕಳು ಬಂದೂಕಿನ ಆಟ ಆಡುತ್ತಾರೆ, ಚಿಕ್ಕವರನ್ನು ಕಾಡುತ್ತಾರೆ, ಅಳುತ್ತಾರೆ, ಬೇಸತ್ತು ಕೂರುತ್ತಾರೆ. ಮುಖವಾಡದ ಹಿಂದಿನ ಕಣ್ಣುಗಳಲ್ಲಿ ಹೆದರಿಕೆ ಕಾಣುವುದೂ ಉಂಟು. ಬಡವರ ಕೇರಿ ಎಂದರೆ ಕೊಳೆಗೇರಿ, ಕೆಡವಿ ಹೊಸದು ಕಟ್ಟಬೇಕಾದ ಜಾಗ ಎಂಬುದು ಆ ದಶಕಗಳ ಅಧಿಕೃತ ನೋಟವಾಗಿತ್ತು. ಅಲ್ಲಿ ಉಳಿಸಿಕೊಳ್ಳಬೇಕಾದ್ದು ಏನಾದರೂ ಇದೆ ಎಂದು ಯೋಜನೆ ಮಾಡುವವರು ಯೋಚಿಸಲಿಲ್ಲ. ಯುದ್ಧಾನಂತರ ಈಸ್ಟ್ ಹಾರ್ಲೆಮ್‌ನ ಹಳೆಯ ಬೀದಿಗಳಲ್ಲಿ ಅನೇಕವನ್ನು ಕೆಡವಿ ಸರ್ಕಾರಿ ವಸತಿ ಗೋಪುರಗಳನ್ನು ಎಬ್ಬಿಸಲಾಯಿತು. ಫುಟ್‌ಪಾತಿನ ಮೇಲಿನ ಒಡನಾಟವೇ ನಗರದ ಭದ್ರತೆ ಮತ್ತು ನಂಟಿನ ಅಡಿಪಾಯ ಎಂದು ಜೇನ್ ಜೇಕಬ್ಸ್ ವಾದಿಸಿ ಪುಸ್ತಕ ಬರೆದದ್ದು 1961ರಲ್ಲಿ. ಅವರ ವಿಚಾರ ರೂಪುಗೊಂಡದ್ದರಲ್ಲಿ ಈಸ್ಟ್ ಹಾರ್ಲೆಮ್ ಕಂಡ ಬದಲಾವಣೆಗೂ ಪಾಲಿದೆ. ಆ ಒಡನಾಟ ಹೇಗಿತ್ತು ಎಂಬುದಕ್ಕೆ ಕಣ್ಣಾರೆ ಕಾಣುವ ಸಾಕ್ಷ್ಯ ಲೆವಿಟ್ ಅವರಲ್ಲಿ ಅದಕ್ಕೂ ಇಪ್ಪತ್ತು ವರ್ಷ ಹಿಂದೆಯೇ ಇತ್ತು. ರಾಜಕೀಯವಿಲ್ಲದ ಚಿತ್ರಗಳಿಂದ ಇಂಥ ಸಾಕ್ಷ್ಯ ಸಿಗುವುದಿಲ್ಲ.

ಎರಡನೆಯ ಆಕ್ಷೇಪ ಹೆಚ್ಚು ಕಠಿಣ. ಲೆವಿಟ್ ತಮ್ಮ ಲೈಕಾಕ್ಕೆ ಬದಿಗೆ ತಿರುಗಿದ ವ್ಯೂಫೈಂಡರ್ ಹಾಕಿಕೊಂಡಿದ್ದರು. ಒಂದು ಕಡೆ ಮುಖ ಮಾಡಿ ನಿಂತಂತೆ ಕಂಡರೂ ಚಿತ್ರ ತೆಗೆಯುವುದು ಇನ್ನೊಂದು ಕಡೆಯದ್ದು. ಚಲನಚಿತ್ರವನ್ನೂ ಬಹುಪಾಲು ಮರೆಯಿಂದಲೇ ತೆಗೆದರು. ಚಿತ್ರದಲ್ಲಿ ಇರುವವರ ಒಪ್ಪಿಗೆ ಇಲ್ಲ, ಅವರ ಹೆಸರಿಲ್ಲ. ಚಿತ್ರಗಳು ಮಾತ್ರ ಮ್ಯೂಸಿಯಮ್ಮಿನ ಗೋಡೆಯ ಮೇಲಿವೆ. ಇಂದು ಯಾರಾದರೂ ಬಡ ಕೇರಿಯ ಮಕ್ಕಳನ್ನು ಹೀಗೆ ಗುಟ್ಟಾಗಿ ಚಿತ್ರಿಸಿದರೆ ನಾವು ಪ್ರಶ್ನಿಸುತ್ತೇವೆ, ಪ್ರಶ್ನಿಸಬೇಕು ಕೂಡ. ಕ್ಯಾಮೆರಾ ಕಂಡೊಡನೆ ಜನ ಭಂಗಿ ಬದಲಿಸುತ್ತಾರೆ, ಸಹಜ ಬದುಕು ಸಿಗಬೇಕಾದರೆ ಬೇರೆ ದಾರಿ ಇರಲಿಲ್ಲ ಎಂಬುದು ಸಾಮಾನ್ಯವಾಗಿ ಕೊಡುವ ಉತ್ತರ. ಅದು ಉಪಯೋಗದ ಮಾತು, ನ್ಯಾಯದ ಮಾತಲ್ಲ. ನ್ಯಾಯದ ದೃಷ್ಟಿಯಿಂದ ಎರಡು ಸಂಗತಿ ಹೇಳಬಹುದು. ಮೊದಲನೆಯದು, ಅವರು ಯಾರ ಮನೆಯೊಳಗೂ ನುಗ್ಗಲಿಲ್ಲ. ನೆರೆಹೊರೆಯವರ ಕಣ್ಣೆದುರೇ ನಡೆಯುತ್ತಿದ್ದದ್ದನ್ನು ಮಾತ್ರ ತೆಗೆದರು, ಯಾರ ಅವಮಾನವನ್ನೂ ಚಿತ್ರವಾಗಿಸಲಿಲ್ಲ. ರೀಸ್ ಅವರ ಮ್ಯಾಗ್ನೀಸಿಯಂ ಬೆಳಕಿನ ಪಕ್ಕದಲ್ಲಿಟ್ಟರೆ ವ್ಯತ್ಯಾಸ ಸಣ್ಣದಲ್ಲ. ಎರಡನೆಯದು, ಗುಟ್ಟು ಬಯಲಾದ ಕ್ಷಣಗಳನ್ನು ಅವರು ಅಡಗಿಸಿಡಲಿಲ್ಲ. ‘ಇನ್ ದ ಸ್ಟ್ರೀಟ್’ನಲ್ಲಿ ಮಕ್ಕಳು ಕ್ಯಾಮೆರಾವನ್ನು ಕಂಡುಹಿಡಿದು, ಅದರ ಮುಂದೆ ಬಂದು ಮುಖ ಕಿವುಚಿ ಆಡುವ ದೃಶ್ಯಗಳಿವೆ. ಸಹಜತೆ ಕೆಟ್ಟಿತು ಎಂದು ಕತ್ತರಿಸಿ ಹಾಕಬಹುದಾಗಿದ್ದ ತುಣುಕುಗಳನ್ನು ಚಿತ್ರದೊಳಗೇ ಉಳಿಸಿಕೊಂಡದ್ದು ಪ್ರಾಮಾಣಿಕತೆ. ತಾವು ನೋಡಿಸಿಕೊಳ್ಳುತ್ತಿದ್ದೇವೆ ಎಂದು ಗೊತ್ತಾದ ಮಕ್ಕಳು ಅಲ್ಲಿ ಓಡಿಹೋಗುವುದಿಲ್ಲ. ಕ್ಯಾಮೆರಾವನ್ನೂ ತಮ್ಮ ಆಟಕ್ಕೆ ಸೇರಿಸಿಕೊಳ್ಳುತ್ತಾರೆ. ಇಷ್ಟು ಹೇಳಿದ ಮೇಲೂ ಆಕ್ಷೇಪ ಪೂರ್ತಿ ತೀರುವುದಿಲ್ಲ. ಆ ಚಿತ್ರಗಳಿಂದ ಬಂದ ಹೆಸರಿನಲ್ಲಿ ಅವುಗಳಲ್ಲಿ ಇದ್ದವರಿಗೆ ಪಾಲು ಸಿಗಲಿಲ್ಲ. ಬೀದಿ ಛಾಯಾಗ್ರಹಣದ ಇಡೀ ಪರಂಪರೆಯ ಮೇಲಿರುವ ಈ ಋಣ ಲೆವಿಟ್ ಅವರ ಮೇಲೂ ಇದೆ ಎಂದು ಒಪ್ಪಿಕೊಂಡೇ ಅವರನ್ನು ನೋಡಬೇಕು.

ಮೂರನೆಯ ಮಾತು ಆಕ್ಷೇಪಕ್ಕಿಂತ ತಪ್ಪು ಮೆಚ್ಚುಗೆ. ಕಳೆದುಹೋದ ಸುಂದರ ಕಾಲದ ನೆನಪು ಎಂಬಂತೆ ಅವರ ಕಪ್ಪು-ಬಿಳುಪು ಚಿತ್ರಗಳನ್ನು ಕ್ಯಾಲೆಂಡರಿನ ಭಾವುಕತೆಗೆ ಇಳಿಸುವವರಿದ್ದಾರೆ. ಬಣ್ಣದ ಚಿತ್ರಗಳು ಇದನ್ನು ಸುಳ್ಳಾಗಿಸುತ್ತವೆ. ಸುಮಾರು ಹತ್ತು ವರ್ಷ ಹೆಚ್ಚಾಗಿ ಚಲನಚಿತ್ರದ ಕೆಲಸದಲ್ಲಿದ್ದ ಲೆವಿಟ್, 1959 ಮತ್ತು 1960ರಲ್ಲಿ ಗುಗೆನ್‌ಹೈಮ್ ಫೆಲೋಶಿಪ್ ಪಡೆದು ಬಣ್ಣದ ಸ್ಲೈಡ್ ಫಿಲಂ ಹಿಡಿದು ಮತ್ತೆ ಬೀದಿಗೆ ಬಂದರು. ಗಂಭೀರ ಛಾಯಾಗ್ರಹಣ ಎಂದರೆ ಕಪ್ಪು-ಬಿಳುಪೇ ಎಂದು ನಂಬಿದ್ದ ಕಾಲ ಅದು; ಬಣ್ಣ ಜಾಹೀರಾತಿಗೆ ಮೀಸಲು. 1970ರಲ್ಲಿ ಅವರ ಮನೆಗೆ ಕಳ್ಳರು ನುಗ್ಗಿ ಆವರೆಗಿನ ಬಣ್ಣದ ಸ್ಲೈಡುಗಳಲ್ಲಿ ಹೆಚ್ಚಿನವನ್ನು ಒಯ್ದರು. ಐವತ್ತೇಳರ ಅಂಚಿನಲ್ಲಿದ್ದ ಅವರು ಮೊದಲಿನಿಂದ ಶುರು ಮಾಡಿದರು. 1974ರಲ್ಲಿ ಆಧುನಿಕ ಕಲೆಯ ಮ್ಯೂಸಿಯಮ್ಮಿನಲ್ಲಿ ನಲವತ್ತು ಬಣ್ಣದ ಚಿತ್ರಗಳು ಸ್ಲೈಡ್ ಪ್ರದರ್ಶನವಾಗಿ ಗೋಡೆಯ ಮೇಲೆ ಮೂಡಿದವು; ವಿಲಿಯಂ ಎಗಲ್‌ಸ್ಟನ್ ಅವರ ಬಣ್ಣದ ಚಿತ್ರಗಳು ಅದೇ ಮ್ಯೂಸಿಯಮ್ಮಿನಲ್ಲಿ ಗದ್ದಲ ಎಬ್ಬಿಸಿದ್ದು ಇದಾಗಿ ಎರಡು ವರ್ಷದ ಮೇಲೆ. ಬಣ್ಣದ ಚರಿತ್ರೆಯನ್ನು ಎಗಲ್‌ಸ್ಟನ್‌ರಿಂದ ಆರಂಭಿಸುವ ರೂಢಿ ಸರಿಯಲ್ಲ. ಈ ಹೊಸ ಚಿತ್ರಗಳಲ್ಲಿ ಬೀದಿ ಬದಲಾಗಿದೆ. ಮಕ್ಕಳ ಗುಂಪು ಕರಗಿದೆ; ನಿಂತ ಕಾರುಗಳು ಜಾಗ ತುಂಬಿವೆ; ವಯಸ್ಸಾದವರು ಹೆಚ್ಚು. ಆದರೆ ಹುಡುಕಾಟ ಅದೇ. 1980ರ ಒಂದು ಚಿತ್ರದಲ್ಲಿ ಹುಡುಗಿಯೊಬ್ಬಳು ಹಸಿರು ಕಾರಿನ ಚಕ್ರದ ಬಳಿ ಕೈಕಾಲು ಮಡಚಿ ಬಗ್ಗಿ ಏನನ್ನೋ ಹುಡುಕುತ್ತಿದ್ದಾಳೆ. 1988ರ ಇನ್ನೊಂದರಲ್ಲಿ ದಪ್ಪನೆಯ ಹೆಂಗಸು ಮತ್ತು ಇಬ್ಬರು ಮಕ್ಕಳು ಒಂದೇ ಟೆಲಿಫೋನ್ ಗೂಡಿನೊಳಗೆ ಹೇಗೋ ಸೇರಿಕೊಂಡಿದ್ದಾರೆ. ಜನ ಬೀದಿಯ ವಸ್ತುಗಳನ್ನು ತಮಗೆ ಬೇಕಾದಂತೆ ಒಗ್ಗಿಸಿಕೊಳ್ಳುವ ಪರಿ ನಿಂತಿಲ್ಲ, ವಸ್ತುಗಳು ಬದಲಾಗಿವೆ. ಮಕ್ಕಳು ಮನೆಯೊಳಗೆ ಟಿವಿ ಮುಂದೆ ಸೇರಿದ್ದರಿಂದ ಬೀದಿ ಬರಿದಾಯಿತು ಎಂಬುದನ್ನು ಲೆವಿಟ್ ಬಲ್ಲವರಾಗಿದ್ದರು, ಹೇಳಿಯೂ ಇದ್ದರು. ಆದರೂ ಕೊರಗುತ್ತ ಕೂರದೆ, ಉಳಿದದ್ದನ್ನು ಚಿತ್ರಿಸುತ್ತಲೇ ಹೋದರು.

ಇಷ್ಟಾದರೂ ಲೆವಿಟ್ ಅವರನ್ನು ದಾಖಲೆಕಾರರ ಸಾಲಿನಲ್ಲಿ ಕೂರಿಸಲು ಏಕೆ ಹಿಂಜರಿಕೆ? ಇದರಲ್ಲಿ ಏಜಿಯ ಪಾತ್ರ ದೊಡ್ಡದು. ‘ಎ ವೇ ಆಫ್ ಸೀಯಿಂಗ್’ ಪುಸ್ತಕಕ್ಕಾಗಿ ಅವರು 1946ರಲ್ಲೇ ಪ್ರಬಂಧ ಬರೆದಿದ್ದರು. ಪುಸ್ತಕ ಹೊರಬಂದದ್ದು 1965ರಲ್ಲಿ, ಏಜಿ ತೀರಿಕೊಂಡು ಹತ್ತು ವರ್ಷಗಳ ಬಳಿಕ. ಲೆವಿಟ್ ಅವರ ಚಿತ್ರಗಳು ಮೂಲತಃ ಭಾವಗೀತೆಯ ಬಗೆಯವು, ಸಾಮಾಜಿಕ ವರದಿಯ ಬಗೆಯವಲ್ಲ ಎಂದು ಏಜಿ ಅಲ್ಲಿ ಪ್ರತಿಪಾದಿಸಿದರು. ಲೆವಿಟ್ ಅವರ ಬಗ್ಗೆ ಬರೆದ ಬರಹಗಳಲ್ಲಿ ಇಂದಿಗೂ ಅದರ ಸಮಕ್ಕೆ ನಿಲ್ಲುವುದು ಕಡಿಮೆ. ಮುಂದಿನವರು ಆ ತೀರ್ಮಾನವನ್ನೇ ಹಿಡಿದು ನಡೆದರು. ಆದರೆ ಏಜಿ ಬರೆದದ್ದು ವರದಿ ಎಂದರೆ ಸಂಕಟದ ವರದಿಯೇ ಎಂಬ ಅರ್ಥ ಬಲವಾಗಿದ್ದ ಕಾಲದಲ್ಲಿ. ಆ ಪಟ್ಟಿಯಿಂದ ಲೆವಿಟ್ ಅವರನ್ನು ಬಿಡಿಸುವುದು ಆಗ ಅಗತ್ಯವಾಗಿತ್ತು. ಈಗ ಆ ಅಗತ್ಯವಿಲ್ಲ. ಆಟ, ಹರಟೆ, ಕಾಯುವುದು, ಸುಮ್ಮನೆ ನೋಡುತ್ತ ನಿಲ್ಲುವುದು ಕೂಡ ಸಮಾಜದ ಸಂಗತಿಗಳೇ ಎಂದು ಚರಿತ್ರೆಕಾರರೂ ನಗರ ಅಧ್ಯಯನಕಾರರೂ ಒಪ್ಪಿದ್ದಾರೆ. ಲೆವಿಟ್ ತಮ್ಮ ಕೆಲಸದ ಬಗ್ಗೆ ಸಂದರ್ಶನಗಳಲ್ಲಿ ಮಾತನಾಡಿದ್ದು ಬಹಳ ಕಡಿಮೆ, ಮಾತಾಡಿದಾಗಲೂ ಅರ್ಥ ಹೇಳಲು ನಿರಾಕರಿಸುತ್ತಿದ್ದರು. ಅದನ್ನು ಸಂಕೋಚದ ಸ್ವಭಾವ ಎಂದಷ್ಟೇ ಓದುವುದು ಸಾಲದು. ಅಡಿಬರಹ ಕೊಟ್ಟ ಕೂಡಲೇ ನೋಡುಗ ನೋಡುವುದನ್ನು ನಿಲ್ಲಿಸುತ್ತಾನೆ ಎಂಬ ತಿಳಿವಳಿಕೆ ಅವರ ಎಲ್ಲ ಕೆಲಸದಲ್ಲೂ ಇದೆ.

ದೊಡ್ಡ ಮನ್ನಣೆ ತಡವಾಗಿ ಬಂತು. 1991ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ಆಧುನಿಕ ಕಲಾ ಮ್ಯೂಸಿಯಂ ಅವರ ಜೀವಮಾನದ ಕೆಲಸದ ಪ್ರದರ್ಶನ ನಡೆಸಿತು. ಅದು ಮುಂದೆ ನ್ಯೂಯಾರ್ಕಿನ ಮೆಟ್ರೋಪಾಲಿಟನ್ ಮ್ಯೂಸಿಯಮ್ಮಿಗೂ ಬಂತು. 2005ರಲ್ಲಿ ಬಣ್ಣದ ಚಿತ್ರಗಳು ‘ಸ್ಲೈಡ್ ಶೋ’ ಎಂಬ ಪುಸ್ತಕವಾದವು. 2006ರಲ್ಲಿ ‘ಇನ್ ದ ಸ್ಟ್ರೀಟ್’ ಅಮೆರಿಕದ ರಾಷ್ಟ್ರೀಯ ಚಲನಚಿತ್ರ ಪಟ್ಟಿಗೆ ಸೇರಿತು. 2009ರ ಮಾರ್ಚ್ 29ರಂದು, ತೊಂಬತ್ತೈದನೆಯ ವಯಸ್ಸಿನಲ್ಲಿ, ಲೆವಿಟ್ ನ್ಯೂಯಾರ್ಕಿನಲ್ಲಿ ತೀರಿಕೊಂಡರು. ಅವರ ಕೆಲಸವನ್ನು ಹೊಸದಾಗಿ ನೋಡುವವರು ಪ್ರಸಿದ್ಧವಾದ ಒಂದೆರಡು ಛಾಯಾಚಿತ್ರಗಳಿಂದ ತೊಡಗದೆ, ಮೊದಲು ಹದಿನಾರು ನಿಮಿಷದ ಆ ಚಲನಚಿತ್ರವನ್ನು ನೋಡಲಿ, ಆಮೇಲೆ ಸೀಮೆಸುಣ್ಣದ ಚಿತ್ರಗಳ ಪುಸ್ತಕವನ್ನು ತೆರೆಯಲಿ. ಮಿಕ್ಕ ಛಾಯಾಚಿತ್ರಗಳು ಆಗ ಏನಕ್ಕೆ ಸಾಕ್ಷಿ ಎಂಬುದು ತಾನಾಗಿ ಕಾಣುತ್ತದೆ.